ಮನೆಯವರ ಹೆಸರು ಕೇಳಿದ ಮನುಷ್ಯ

ಬೆಳಿಗ್ಗೆ ಪಕ್ಕದ ಮನೆಯಲ್ಲಿ ಬಾಣಂತಿಗೆ ಹಚ್ಚಲೆಂದು ಬೆಳ್ಳುಳ್ಳಿ, ಅಜವಾನ ಹಾಕಿ ಎಣ್ಣೆ ಕಾಸುತ್ತಿದ್ದರು. ಆ ವಾಸನೆ ಬಂದದ್ದೇ, ರೊಟ್ಟಿ ಬಡಿಯುತ್ತಿದ್ದ ನನ್ನ ಕೈ ನಿಂತಿತು. ಹನ್ನೆರಡು ವರ್ಷದ ಹಿಂದೆ ಇದೇ ಎಣ್ಣೆಯನ್ನು ನನ್ನ ಗಂಡನ ಎದೆಗೆ ದಿನಾ ಮೆಲ್ಲಗೆ ಸವರುತ್ತಿದ್ದೆ.

ಬಸವಕಲ್ಯಾಣದ ಬಜಾರದಲ್ಲಿ ನಮ್ಮದು ಅರಿವೆ ಅಂಗಡಿ. ಎದೆನೋವೆಂದು ಅವರನ್ನು ಹುಮನಾಬಾದಿನ ದವಾಖಾನೆಗೆ ಒಯ್ದಾಗ, ಡಾಕ್ಟರ ಕಣ್ಣೆದುರಿಗೇ ಹೃದಯ ನಿಂತುಬಿಟ್ಟಿತು. ಡಾಕ್ಟರು ಎರಡೂ ಕೈಯೂರಿ ಎದೆ ಒತ್ತಿ ಒತ್ತಿ ಜೀವ ತಿರುಗಿ ತಂದರು. ಎರಡು ಪಕ್ಕೆಲುಬು ಮುರಿದವು. ಬೈಯಬೇಕೋ ಕಾಲಿಗೆ ಬೀಳಬೇಕೋ ತಿಳಿಯದೆ ನಾನು ಎರಡನ್ನೂ ಮಾಡಿದೆ.

"ಎಲುಬು ಕೂಡ್ತಾವ್ರಿ," ಎಂದರು ಡಾಕ್ಟರು. "ಆದರ ಮಿದುಳಿಗೆ ಸ್ವಲ್ಪ ಹೊತ್ತು ರಕ್ತ ಹೋಗಿಲ್ಲ. ಮರವು ಆದೀತು. ಆರು ತಿಂಗಳಾಗ ಎಷ್ಟು ತಿರುಗಿ ಬರ್ತದ ಅಷ್ಟೇ. ಮುಂದಿಂದು ಹೇಳಾಕ ಬರಲ್ಲ."

ಮನೆಗೆ ಬಂದ ಮೇಲೆ ಅವರಿಗೆ ತಾಯಿಯ ಗುರುತು ಸಿಕ್ಕಿತು, ಅಂಗಡಿಯ ಗುರುತು ಸಿಕ್ಕಿತು. ಮದುವೆಯ ನಂತರದ ಎಂಟು ವರ್ಷ ಮಾತ್ರ ಅಳಿಸಿಹೋಗಿದ್ದವು. ಅತ್ತೆ ದಿನಾ ತಿಳಿಸಿ ಹೇಳುವರು. ಅವರು ತಲೆಯಾಡಿಸಿ ಮಧ್ಯಾಹ್ನಕ್ಕೆ ಮರೆಯುವರು. ಎಣ್ಣೆ ಹಚ್ಚಲು ಕುಳಿತರೆ ಸಂಕೋಚದಿಂದ ಅಂಗಿ ಎಳೆದುಕೊಂಡು, "ನೀವು ಯಾರ ಪೈಕಿ ರೀ? ಉಂಡ್ರೇನ್ರಿ?" ಎನ್ನುವರು. ಎಂಟು ವರ್ಷದಲ್ಲಿ ಈ ಮನುಷ್ಯ ನನ್ನ ಊಟ ಕೇಳಿದ್ದಿಲ್ಲ.

"ನಿಮ್ಮ ಮನಿಯವರ ಹೆಸರೇನ್ರಿ?"

ನಗಬೇಡಿ. ಗಂಡನ ಹೆಸರನ್ನು ಪ್ರಾಸದ ಒಡಪು ಕಟ್ಟಿಯಲ್ಲದೆ ಬರಿದೇ ಹೇಳುವ ಬಾಯಿ ನಮ್ಮದಲ್ಲ, ಅವರೆದುರಿಗೇ ಕುಳಿತು ಒಡಪು ಹೇಳಿದೆ: "ಹುಮನಾಬಾದ ದಾರ್ಯಾಗ ಹುಣಸಿ ಮರದ ನೆರಳ, ಶರಣಪ್ಪನವರ ಹೆಸರ ಹೇಳಾಕ ಬಿಗೀತದ ಕೊರಳ."

"ಅರೆ, ನನ್ನ ಹೆಸರೂ ಅದೇ ಅದರಿ. ಛಲೋ ಮನಷಾ ಇದ್ದಾರೇನು?"

"ಇದ್ದಾರ್ರಿ. ಸಿಟ್ಟು ಭಾಳ."

"ಸಿಟ್ಟು ಒಳ್ಳೇದಲ್ರಿ. ನಾ ಅಂದೆ ಅಂತ ಹೇಳ್ರಿ."

ಮರುದಿನ ಮತ್ತೆ ಅದೇ ಪ್ರಶ್ನೆ, ನನ್ನದು ಹೊಸ ಒಡಪು. ಬೆಳಿಗ್ಗೆ ಅವರಿಗೆ ನನ್ನ ಗುರುತು ಹತ್ತಲಿ ಎಂದು ದೇವರಿಗೆ ಕೈಮುಗಿಯುತ್ತಿದ್ದೆ. ಮಧ್ಯಾಹ್ನ ತಲೆ ಬಾಚಿಕೊಂಡು ಎಣ್ಣೆ ಬಟ್ಟಲು ಹಿಡಿದು ಕಾಯುತ್ತಿದ್ದೆ. ದೇವರಿಗಾದರೂ ಏನು ತಿಳಿಯಬೇಕು?

ಐದನೆಯ ತಿಂಗಳು ಒಂದು ಮುಂಜಾನೆ, "ಏ, ಚಾ ಎಲ್ಲಿ?" ಎಂದು ಕೂಗು ಬಂತು. ಮಗನಿಗೆ ಹೆಂಡತಿಯ ಗುರುತು ಹತ್ತಿತೆಂದು ಅತ್ತೆ ಓಣಿಗೆಲ್ಲ ಸಕ್ಕರೆ ಹಂಚಿದರು. ನಾನು ಒಲೆಯ ಮುಂದೆ ಬಿಕ್ಕಿ ಬಿಕ್ಕಿ ಅತ್ತದ್ದನ್ನು ಎಲ್ಲರೂ ಸಂತೋಷವೆಂದರು. ಮುಕ್ಕಾಲು ಪಾಲು ಅದು ನಿಜ.

ಆಮೇಲೆ ಅವರ ಮಾತು ಮೊದಲಿಗಿಂತ ಕಡಿಮೆಯಾಯಿತು. ನನ್ನ ಮುಖ ನೋಡಿ ಮಾತಾಡುವುದೇ ನಿಂತಿತು. ಮಿದುಳಿಗೆ ಬಿದ್ದ ಪೆಟ್ಟೇ ಇರಬೇಕೆಂದುಕೊಂಡೆ. ಒಳಗೊಳಗೆ ಮಾತ್ರ ಆ ಪರಕೀಯನಿಗಾಗಿ ಹಂಬಲಿಸುತ್ತಿದ್ದೆ.

ಇಂದು ಚಹಾ ಕೊಡುತ್ತ ಕೇಳಿಯೇಬಿಟ್ಟೆ. "ಆ ಐದು ತಿಂಗಳು ಏನರ ನೆನಪದಾವೇನ್ರಿ?"

ಅವರು ಅಂಗಳ ನೋಡುತ್ತ ಕುಳಿತರು. "ಇಲ್ಲ. ಅವ್ವ ಹೇಳಿದ್ಳು. ಕೈಹಿಡದ ಹೆಣ್ತಿಗೆ ಯಾರ ಪೈಕಿ ಅಂತ ಕೇಳತಿದ್ನಂತ. ಅದನ್ನ ಕೇಳಿದಾಗಿಂದ ನಿನ್ನ ಮಾರಿ ನೋಡಾಕ ನಾಚಿಕಿ ಆಗ್ತದ."

ಹನ್ನೆರಡು ವರ್ಷ ಇದನ್ನು ಹೊಟ್ಟೆಯಲ್ಲಿಟ್ಟುಕೊಂಡಿದ್ದರು. ನಾನು ಒಲೆಯ ಕಡೆ ಹೋಗಲಿಲ್ಲ. ಅವರ ಪಕ್ಕದಲ್ಲೇ ಕುಳಿತೆ.

"ಇನ್ನೊಮ್ಮೆ ಕೇಳ್ರಿ," ಎಂದೆ.