ಗದ್ದದಿಂದ ಗುರುತು ಸಿಕ್ಕ ನಟ

ಕಳೆದ ವಾರ ಡಲ್ಲಾಸಿನ ಗೆಳೆಯರಿಂದ ಒಂದು ಕರಡು ಬಂತು. ಅವರ ಕನ್ನಡ ಸಂಘದ ಸಂಚಿಕೆಯಲ್ಲಿ ಹಿಂದೆ ಅಚ್ಚಾಗಿದ್ದ ನನ್ನ ಲೇಖನವನ್ನು ಮತ್ತೆ ಹಾಕುತ್ತಾರಂತೆ. ತಪ್ಪಿದ್ದರೆ ಗುರುತು ಹಾಕಿ ಕಳಿಸಬೇಕಂತೆ. ಬೆಂಗಳೂರಿನ ಪತ್ರಿಕೆಯೊಂದರ ಡೆಸ್ಕಿನಲ್ಲಿ ವರ್ಷಗಟ್ಟಲೆ ಕೂತವಳು ನಾನು. ಕರಡು ಕಂಡರೆ ಕೈ ತಾನಾಗಿ ಕೆಂಪು ಪೆನ್ನು ಹುಡುಕುತ್ತದೆ. ನಾಲ್ಕು ಅಕ್ಷರದೋಷ ಸಿಕ್ಕವು. ಐದನೆಯದು ಅಕ್ಷರದೋಷವಲ್ಲ, ಸುಳ್ಳು. ಬರೆದವಳು ನಾನೇ.

ಲೇಖನ ಒಬ್ಬ ಜಪಾನಿ ಪೋಷಕ ನಟನ ಬಗ್ಗೆ. ಹಳೆಯ ಕಪ್ಪು-ಬಿಳುಪು ಚಿತ್ರಗಳಲ್ಲಿ ಆತ ಒಮ್ಮೆ ಪೇದೆ, ಒಮ್ಮೆ ಕಳ್ಳ. ಸನ್ಯಾಸಿ, ಕುಡುಕ, ವಧುವಿನ ತಂದೆ, ಸೋತು ಮನೆಗೆ ಬಂದ ಸೈನಿಕ. ನಾಯಕನ ಹಿಂದೆ ಎರಡು ನಿಮಿಷ ನಿಂತು ಹೋಗುತ್ತಾನೆ. ಮರುದಿನ ಪಾತ್ರೆ ತೊಳೆಯುವಾಗ ನೆನಪಾಗುವುದು ನಾಯಕನಲ್ಲ, ಅವನು. ಒಂದೇ ಒಂದು ಚಿತ್ರದಲ್ಲೂ ಅವನು ನಾಯಕನಾಗಲಿಲ್ಲ.

ಅವನನ್ನು ನನಗೆ ಪರಿಚಯಿಸಿದವರು ಶಾಂತಕ್ಕ. ಧಾರವಾಡದವರು, ಹ್ಯೂಸ್ಟನ್ನಿನಲ್ಲಿ ಅರಿವಳಿಕೆ ವೈದ್ಯೆಯಾಗಿ ನಿವೃತ್ತರಾದವರು. ತಿಂಗಳಿಗೊಂದು ಶನಿವಾರ ನಾನು ನಮ್ಮೂರು ಸೀಡರ್ ಪಾರ್ಕಿನಿಂದ ಮೂರು ಗಂಟೆ ಡ್ರೈವ್ ಮಾಡಿಕೊಂಡು ಅವರ ಮನೆಗೆ ಹೋಗುತ್ತಿದ್ದೆ. ದಾರಿಯಲ್ಲಿ ಹಿಲ್‌ಕ್ರಾಫ್ಟ್ ಬೀದಿಯ ಭಾರತೀಯ ಅಂಗಡಿಗಳಲ್ಲಿ ಬದನೆಕಾಯಿ, ಮೆಂತ್ಯದ ಸೊಪ್ಪು ಕೊಳ್ಳುತ್ತಿದ್ದೆ. ರೊಟ್ಟಿ ಊಟವಾದ ಮೇಲೆ ಒಂದು ಜಪಾನಿ ಚಿತ್ರ. "ಸಬ್‌ಟೈಟಲ್ ಓದೋದಕ್ಕೆ ಅಷ್ಟು ಪೆಟ್ರೋಲಾ?" ಎಂದು ನನ್ನ ಗಂಡ ಕೇಳುತ್ತಿದ್ದ.

ನಾನು ಪಟ್ಟಿ ಇಟ್ಟಿದ್ದೆ: ಚಿತ್ರ, ಪಾತ್ರ, ಎಷ್ಟನೇ ನಿಮಿಷ, ಆಧಾರ ಏನು. ಶಾಂತಕ್ಕ ಏನನ್ನೂ ಬರೆದುಕೊಳ್ಳುತ್ತಿರಲಿಲ್ಲ. ಗಡ್ಡ ಅಂಟಿಸಿಕೊಂಡಿರಲಿ, ಮುಖಕ್ಕೆ ಮಸಿ ಬಳಿದುಕೊಂಡಿರಲಿ, "ಅಗೋ, ನಮ್ಮಾಂವ!" ಎಂದು ಅವರು ಕೂಗುವಾಗ ನಾನಿನ್ನೂ ಮುಖ ಹುಡುಕುತ್ತಿರುತ್ತಿದ್ದೆ. ಅಕ್ಕನ ಸೀರೆಗೆ, ಮುಖಪುಟದಲ್ಲಿ ಅಚ್ಚಾದ ಸಹೋದ್ಯೋಗಿಯ ಹೆಸರಿಗೆ ನಾನು ಹೊಟ್ಟೆಕಿಚ್ಚು ಪಟ್ಟವಳೇ. ಇನ್ನೊಬ್ಬರ ನೋಟಕ್ಕೆ ಹೊಟ್ಟೆಕಿಚ್ಚು ಪಟ್ಟದ್ದು ಅದೇ ಮೊದಲು.

ಒಂದು ಚಿತ್ರದಲ್ಲಿ ನದಿಯ ದಡದಲ್ಲಿ ಹೆಣವೊಂದು ಅಂಗಾತ ಬಿದ್ದಿತ್ತು.

"ನಮ್ಮಾಂವ," ಎಂದರು ಶಾಂತಕ್ಕ.

"ಟೈಟಲ್ಸಲ್ಲಿ ಹೆಸರೇ ಇಲ್ವಲ್ಲ. ಆಧಾರ ಬೇಕು ಶಾಂತಕ್ಕ."

"ಹೆಣಕ್ಕ ಎಂಥಾ ಆಧಾರ? ಗದ್ದ ನೋಡು, ಸಣ್ಣದು, ಹಿಂದ ಸರದದ. ಇಂಥಾವ್ರ ಗಂಟಲಕ್ಕ ಟ್ಯೂಬ್ ಹಾಕೋದಂದ್ರ ನಮಗ ಬೆವರು ಇಳೀತಿತ್ತು. ಜನ್ಮಾ ಪೂರ್ತಿ ಪೇಷಂಟಿನ ತಲಿ ಕಡೆ ಕೂತು ಮಾರಿ ಎಲ್ಲಾ ತಲಿಕೆಳಗಾಗೇ ನೋಡಿದಾಕಿ ನಾ. ಬಾ ಇಲ್ಲೆ."

ನನ್ನನ್ನು ಸೋಫಾದ ಮೇಲೆ ಮಲಗಿಸಿ, ತಲೆಯನ್ನು ಅಂಚಿನಿಂದ ಕೆಳಕ್ಕೆ ಇಳಿಬಿಡಿಸಿ, ಚಿತ್ರವನ್ನು ಹಿಂದಕ್ಕೆ ಓಡಿಸಿದರು. ತಲೆಕೆಳಗಾದ ಪರದೆಯಲ್ಲಿ ಆ ಗದ್ದ ಎದ್ದು ಕಂಡಿತು. ಪೇದೆಯದೂ, ಸನ್ಯಾಸಿಯದೂ, ಕುಡುಕನದೂ ಅದೇ ಗದ್ದ.

ಲೇಖನದಲ್ಲಿ ನಾನು ಹೀಗೆ ಬರೆದೆ: "ಈ ಲೇಖಕಿ ಗುರುತಿಸಿದಂತೆ, ಆ ಹೆಣವೂ ಅವನೇ." ಮೆಚ್ಚಿಕೊಂಡ ಡಲ್ಲಾಸಿನವರು ಭಾಷಣಕ್ಕೆ ಕರೆದರು. "ಮೇಡಂ, ಹೆಣಾನೂ ಬಿಡ್ಲಿಲ್ವಲ್ಲ, ಹೇಗೆ ಕಂಡುಹಿಡಿದ್ರಿ?" ಎಂದು ಯಾರೋ ಕೇಳಿದರು. "ನೋಡ್ತಾ ನೋಡ್ತಾ ಕಣ್ಣು ಪಳಗುತ್ತೆ," ಎಂದೆ. ನನ್ನ ಜೊತೆ ಬಂದಿದ್ದ ಶಾಂತಕ್ಕ ಮುಂದಿನ ಸಾಲಿನಲ್ಲೇ ಇದ್ದರು. ಎಲ್ಲರ ಜೊತೆ ಚಪ್ಪಾಳೆ ತಟ್ಟಿದರು.

ಮುಂದಿನ ಭೇಟಿಯಲ್ಲಿ ಅವರು ಹಾಕಿದ ಚಿತ್ರ ಅರ್ಧ ಮುಗಿದರೂ ಶಾಂತಕ್ಕ ಒಮ್ಮೆಯೂ "ನಮ್ಮಾಂವ" ಎಂದು ಕೂಗಲಿಲ್ಲ.

"ಎಲ್ಲಿದಾನೆ ಶಾಂತಕ್ಕ?"

"ನಿನ್ನ ಕಣ್ಣು ಪಳಗ್ಯಾವಲ್ಲ. ನೋಡು."

ಬಂದವರೆಲ್ಲರ ಗದ್ದ ನೋಡಿದೆ. ಕೊನೆಗೆ ಸೇತುವೆಯ ಮೇಲೆ ಯಾರೋ ಕೊಡೆ ಹಿಡಿದು ಹೋದರು. "ಆ ಕೊಡೆಯವನು!" ಎಂದೆ.

"ಹೌದೇನು? ಬರಕೋ ಹಂಗಾರ."

ಬರೆದುಕೊಂಡೆ. ಆಧಾರದ ಅಂಕಣದಲ್ಲಿ "ಸ್ವತಃ ಕಂಡದ್ದು" ಎಂದು ತುಂಬಿದೆ. ಆಮೇಲೆ ಒಂದು ತಿಂಗಳು ಮಗಳ ಪರೀಕ್ಷೆ, ಇನ್ನೊಂದು ತಿಂಗಳು ಕಾರಿನ ರಿಪೇರಿ. ಹೋಗದೆ ಮೂರು ವರ್ಷವಾಯಿತು.

ನಿನ್ನೆ ಕರಡನ್ನು ಮುಂದಿಟ್ಟುಕೊಂಡು ಫೋನ್ ಮಾಡಿದೆ. ತಪ್ಪೊಪ್ಪಿಗೆಯನ್ನು ಸುದ್ದಿಯಂತೆ ಮೊದಲ ವಾಕ್ಯದಲ್ಲೇ ಹೇಳಬೇಕೆಂದುಕೊಂಡಿದ್ದೆ. ಬಾಯಿಗೆ ಬಂದದ್ದು ಇಷ್ಟು: "ಶಾಂತಕ್ಕ, ಆ ಹೆಣ ನಿಮ್ಮದು."

"ಇನ್ನೂ ಜೀವಂತ ಅದೀನಲ್ಲವಾ!"

ವಿವರಿಸಿದೆ. ಅವರ ಹೆಸರು ಹಾಕಿ ತಿದ್ದುತ್ತೇನೆಂದೆ.

"ಹಂಗಾರ ಆ ಕೊಡೀಯಾಂವನ್ನೂ ನಿನ್ನ ಪಟ್ಟಿಯಿಂದ ತಗಿ. ಆ ಪಿಚ್ಚರದಾಗ ನಮ್ಮಾಂವ ಇಲ್ಲೇ ಇಲ್ಲ."

"ಗೊತ್ತಿದ್ದೂ ಹಾಕಿದ್ರಾ?"

"ಗೊತ್ತಿದ್ದೇ ಹಾಕಿದೆ. ನೋಡಿದಾಕಿ ನಾ ಖರೆ, ಆದ್ರ ನೀ ಬರದ ಮ್ಯಾಲೇ ಅಂವ ಎಲ್ಲಾರಿಗೂ ಕಂಡ. ನಾಲ್ಕು ಸಾಲು ಬರೀಲಿಕ್ಕ ನನಗ ಬರೂದಿಲ್ಲ. ಹೊಟ್ಟಿ ಉರೀತು ತಂಗಿ."

ನಾಚಿಕೆಯಾಗಬೇಕಿತ್ತು. ಆದದ್ದನ್ನೇ ದಾಖಲಿಸುತ್ತೇನೆ: ಸಂತೋಷವಾಯಿತು. ಅಂಥ ಕಣ್ಣಿದ್ದವರು ನನ್ನನ್ನು ಕಂಡು ಹೊಟ್ಟೆ ಉರಿದುಕೊಂಡಿದ್ದರು.

ಬರುವ ಶನಿವಾರ ಹೊರಡುತ್ತಿದ್ದೇನೆ. ಅವನು ಎಲ್ಲಿದ್ದಾನೆ ಎಂದು ಈ ಸಲ ಕೇಳುವುದಿಲ್ಲ. ಹಾಕಿದ ಚಿತ್ರದಲ್ಲಿ ಅವನು ಇದ್ದಾನೆಯೇ ಎಂದು ಮೊದಲು ಕೇಳುತ್ತೇನೆ.