ಮೆಸಯೀದ್ ರಸ್ತೆಯ ಕೌಂಟಿ ಸಾಹೇಬರು

ನಮ್ಮ ಸಾಹೇಬರ ಎರಡು ಕೈ ನೋಡಿದರೆ ಇಬ್ಬರು ಬೇರೆ ಬೇರೆ ಮನುಷ್ಯರಿಂದ ತಂದು ಜೋಡಿಸಿದ ಹಾಗಿತ್ತು. ಬಲಗೈ ಹಾಲಿನ ಬಣ್ಣ, ಎಡಗೈ ಬೇಯಿಸಿದ ಬೀಟ್‌ರೂಟು. ಕಾರಿನಲ್ಲಿ ಏಸಿ ಇತ್ತು, ಚೆನ್ನಾಗಿಯೇ ಇತ್ತು. ಆದರೆ ಏಸಿಯ ಗುರ್ ಸದ್ದಿನಲ್ಲಿ ಟೇಪು ಕೇಳಿಸುವುದಿಲ್ಲ ಅಂತ ಅದನ್ನು ಆರಿಸಿ, ಗಾಜು ಇಳಿಸಿ, ಎಡ ಮೊಣಕೈ ಹೊರಗಿಟ್ಟು ಓಡಿಸುತ್ತಿದ್ದರು. ಕಿಟಕಿಯಿಂದ ನುಗ್ಗುವ ಬಿಸಿಗಾಳಿಯ ಸದ್ದು ಅವರ ಲೆಕ್ಕದಲ್ಲಿ ಸದ್ದೇ ಅಲ್ಲ.

ಅವರು ಅಮೆರಿಕದವರು. ಖತಾರಿನ ಮೆಸಯೀದಿನ ಕಾರ್ಖಾನೆಯಲ್ಲಿ ನಮ್ಮ ಪೈಪ್ ವಿಭಾಗಕ್ಕೆ ದೊಡ್ಡವರು, ಮನೆ ದೂರದ ಪಟ್ಟಣದ ಅಲ್ ಹಿಲಾಲ್‌ನಲ್ಲಿ. ನಾನು ಬಾಗಲಕೋಟೆ ಕಡೆಯ ಫಿಟ್ಟರ್. ತೊಂಬತ್ತೆರಡರಲ್ಲಿ ಬಂದು ಅದೇ ಪಟ್ಟಣದ ನಜ್ಮಾದ ಒಂದು ರೂಮಿನಲ್ಲಿ ಐದು ಜನರ ಗೊರಕೆಯ ನಡುವೆ ಬಿದ್ದಿದ್ದೆ. ಆರನೆಯ ಗೊರಕೆ ನನ್ನದೇ ಅಂತ ಅವರೆಲ್ಲ ಹೇಳುತ್ತಾರೆ, ನಾನು ಕೇಳಿಲ್ಲ. ಕಂಪನಿ ಬಸ್ಸು ತಪ್ಪಿದ ಒಂದು ದಿನ ಸಾಹೇಬರ ಕಾರು ಹತ್ತಿದವನು ಮತ್ತೆ ಬಸ್ಸಿನ ಮುಖ ನೋಡಲಿಲ್ಲ. ಮುಂದಿನ ಸೀಟಿನಲ್ಲಿ ನಾನು, ಹಿಂದೆ ಸ್ಟೋರ್ ನೋಡಿಕೊಳ್ಳುವ ಉಡುಪಿಯ ಅಣ್ಣ.

ದಾರಿಯುದ್ದಕ್ಕೂ ಒಂದೇ ಪುರಾಣ: ಸಾಹೇಬರ ಕೌಂಟಿ. ಕೌಂಟಿ ಅಂದರೆ ಅವರ ಕಡೆಯ ಜಿಲ್ಲೆ ಅನ್ನಿ. ಮಾಡು ಹೊದಿಸಿದ ಮರದ ಸೇತುವೆ ಎಲ್ಲಿದೆ, ಯಾವ ಕೊಟ್ಟಿಗೆ ಯಾರ ಅಜ್ಜ ಕಟ್ಟಿದ್ದು, ಹಿಟ್ಟಿನ ಗಿರಣಿ ಯಾವ ನೆರೆಗೆ ಕೊಚ್ಚಿಹೋಯಿತು, ಎಲ್ಲ ನಮಗೆ ಬಾಯಿಪಾಠ. ಅಣ್ಣನಿಗೆ ಇದು ಒಗ್ಗುತ್ತಿರಲಿಲ್ಲ. "ಎಂತ ಮಾರಾಯ, ನಿನ್ನೆ ಮೊನ್ನೆಯ ಕೊಟ್ಟಿಗೆಗೆ ಇಷ್ಟು ಗೌಜಿಯಾ? ನಮ್ಮ ಮನೆಯ ಅರೆಯುವ ಕಲ್ಲು ಅದಕ್ಕಿಂತ ಹಳತು" ಅಂತ ಗೊಣಗಿದ. ನಾನು ತಕ್ಷಣ ಅದನ್ನು ಸಾಹೇಬರಿಗೆ ಇಂಗ್ಲಿಷಿನಲ್ಲಿ ಚಾಡಿ ಹೇಳಿದೆ. ಅವರಿಗೆ ಸಿಟ್ಟು ಬರಲಿಲ್ಲ. ಕನ್ನಡಿಯಲ್ಲಿ ಅಣ್ಣನನ್ನು ನೋಡಿ, "ಆ ಕಲ್ಲಿನಲ್ಲಿ ಮೊದಲು ಅರೆದವರು ಯಾರು?" ಅಂದರು. ಅಣ್ಣನಿಗೆ ಗೊತ್ತಿರಲಿಲ್ಲ.

"ಹಾಗಾದರೆ ಅದು ಬರೀ ಹಳೆಯದು. ಊರಿಗೆ ಹೋದಾಗ ಕೇಳಿಕೊಂಡು ಬಾ."

ಅಣ್ಣ ಕೇಳಿಕೊಂಡೂ ಬಂದ. ಮುತ್ತಜ್ಜಿಯ ಅತ್ತೆಯಂತೆ. ಅವತ್ತು ಮೆಸಯೀದ್ ಬರುವವರೆಗೆ ಕೌಂಟಿಗೆ ರಜೆ. ಅಣ್ಣನ ಕಲ್ಲಿನ ಕಥೆಯೇ ನಡೆಯಿತು.

ಟೇಪಿನಲ್ಲಿದ್ದದ್ದು ಸಾಹೇಬರ ಸೋದರತ್ತೆ. ಸಂಜೆ ಗುಡ್ಡದ ಮೇಲೆ ನಿಂತು ಹಸು ಕರೆಯುವ ಕೂಗು. ಆ ಕಣಿವೆಯಲ್ಲಿ ಮನೆಗೊಂದು ಕೂಗಂತೆ. ಪಕ್ಕದ ಮನೆಯ ಕೂಗಿಗೆ ಈ ಮನೆಯ ಹಸು ಕಿವಿಯೂ ಅಲ್ಲಾಡಿಸುತ್ತಿರಲಿಲ್ಲ. ಅತ್ತೆ ತೀರಿಕೊಳ್ಳುವ ಮುಂಚೆ ಸಾಹೇಬರು ರಜೆಯಲ್ಲಿ ಹೋಗಿ ಆ ಕೂಗನ್ನು ಟೇಪಿನಲ್ಲಿ ಹಿಡಿದು ತಂದಿದ್ದರು. "ಕೋ... ಓ... ಓ!" ಅಂತ ಮೇಲೇರಿ, ತುದಿಯಲ್ಲಿ ದನಿ ಎರಡಾಗಿ ಒಡೆದು, ಕೊನೆಗೆ ಹುಲ್ಲಿನ ಧೂಳಿಗೆ ಒಂದು ಒಣಕೆಮ್ಮು.

ಯಾರ ದನಿ ಕಿವಿಗೆ ಬಿದ್ದರೂ ನನ್ನ ಗಂಟಲು ತುರಿಸುತ್ತದೆ. ಫೋರ್‌ಮನ್‌ನ ಅವಸರದ "ಯಲ್ಲಾ ಯಲ್ಲಾ", ಅಣ್ಣನ ಆಕಳಿಕೆ, ರಜೆ ಕೇಳುವಾಗಿನ ನನ್ನದೇ ಕುರಿದನಿ, ಎಲ್ಲ ಅಣಕಿಸಿ ಮುಗಿಸಿದ್ದೆ. ಹದಿನೈದು ದಿನದಲ್ಲಿ ವರ್ಕ್‌ಶಾಪಿನಲ್ಲಿ ಚಹಾಕ್ಕೆ ಕರೆಯುವ ಕೂಗೇ ಸಾಹೇಬರ ಅತ್ತೆಯದಾಯಿತು. ಕೂಗಿದರೆ ಕೇರಳದ ವೆಲ್ಡರ್‌ಗಳು ಲೋಟ ಹಿಡಿದು ಸಾಲಾಗಿ ಬರುತ್ತಿದ್ದರು. ಒಂದು ದಿನ ಕೂಗಿ ತಿರುಗಿದರೆ ಬಾಗಿಲಲ್ಲಿ ಸಾಹೇಬರು! ಕೆಲಸ ಹೋಯಿತು ಅಂದುಕೊಂಡೆ. ಅವರು, "ಕೊನೆಯ ಕೆಮ್ಮು ಬಿಟ್ಟುಬಿಟ್ಟೆಯಲ್ಲ" ಅಂದರು, ಹೊರಟುಹೋದರು.

ಆ ವರ್ಷ ಬೇಸಿಗೆಯಲ್ಲಿ ಕೌಂಟಿಯವರು ಹಳೆಯ ಶಾಲೆಯೊಂದನ್ನು ಮ್ಯೂಸಿಯಂ ಮಾಡುವುದಕ್ಕೆ ಹೊರಟರು. ಕಣಿವೆಯ ಉಳಿದ ಕೂಗುಗಳೆಲ್ಲ ಕೂಗುವವರ ಜೊತೆಗೇ ಹೋಗಿದ್ದವು. ಉಳಿದದ್ದು ಈ ಟೇಪು ಒಂದೇ, ಕಳಿಸಿ ಅಂದರು. ಶುಕ್ರವಾರ ಇನ್ನೊಂದು ಪ್ರತಿ ಮಾಡಿಕೊಂಡು ಕಳಿಸುವುದು ಅಂತಾಯಿತು. ಬುಧವಾರ, ಕಾರಿನಲ್ಲಿ ಲೈಟರ್ ಬಿಟ್ಟವರಿಗೆಲ್ಲ ಬೈಯುವ ಮನುಷ್ಯ, ಕ್ಯಾಸೆಟ್ಟನ್ನು ತಾವೇ ಡ್ಯಾಶ್‌ಬೋರ್ಡಿನ ಮೇಲೆ ಬಿಟ್ಟು ಕೆಲಸಕ್ಕೆ ಹೋದರು. ಖತಾರಿನ ಜುಲೈ ಬಿಸಿಲು. ಸಂಜೆ ಬಂದು ನೋಡಿದರೆ ಕ್ಯಾಸೆಟ್ಟು ಸುಟ್ಟ ಹಪ್ಪಳದ ಹಾಗೆ ಸೊಟ್ಟಗಾಗಿತ್ತು.

"ಖಲಾಸ್" ಅಂದರು ಸಾಹೇಬರು. ಗಾಜು ಏರಿಸಿ ಏಸಿ ಹಾಕಿದರು. ಅವರ ಕಾರಿನಲ್ಲಿ ನನಗೆ ಚಳಿಯಾದದ್ದು ಅದೇ ಮೊದಲು.

ಅರ್ಧ ದಾರಿಗೆ ಬಂದಿದ್ದೆವು. ಅಣ್ಣ ಹಿಂದಿನಿಂದ ನನ್ನ ಭುಜಕ್ಕೆ ತಿವಿದ. "ದಿನಾ ಚಾಕ್ಕೆ ಕೂಗ್ತಿಯಲ್ಲ ಮಾರಾಯ, ಇವತ್ತು ನಿನ್ನ ಬಾಯಿಗೆ ಎಂತಾಗಿದೆ?"

"ಸುಮ್ ಕೂಡ್ರಿ ಅಣ್ಣಾರ, ಇದು ಚೇಷ್ಟಿ ಮಾಡೂ ಹೊತ್ತಲ್ಲ."

"ಚೇಷ್ಟೆ ಬೇಡ. ಅವರತ್ತೆಯನ್ನು ಕೊಡು ಅಂತ ಹೇಳಿದ್ದು."

ಸತ್ತವರ ದನಿಯನ್ನು ಅವರ ಮನೆಯವರ ಎದುರು ತೆಗೆಯುವುದು ಸಣ್ಣ ಮಾತಲ್ಲ. ಕಣ್ಣು ಮುಚ್ಚಿ ಕೂಗಿದೆ. ಕೆಮ್ಮಿದೆ ಕೂಡ. ಕಾರು ರಸ್ತೆಯ ಪಕ್ಕಕ್ಕೆ ನಿಂತಿತು. ಸಾಹೇಬರು ಏಸಿ ಆರಿಸಿದರು. ಗಾಜು ಇಳಿಸಿ ಎಡ ಮೊಣಕೈ ಹೊರಗಿಟ್ಟರು. ಆಮೇಲೆ, "ಇನ್ನೊಂದು ಸಲ. ದನಿ ಒಡೆಯುವುದು ಇನ್ನೂ ಸ್ವಲ್ಪ ತಡವಾಗಿ" ಅಂದರು.

ಶುಕ್ರವಾರ ಅಲ್ ಹಿಲಾಲ್‌ನ ಮನೆಯಲ್ಲಿ ರೆಕಾರ್ಡಿಂಗ್. ಅವರ ಹೆಂಡತಿ ಫ್ರಿಜ್ ಸಹ ಆರಿಸಿ, ನನ್ನ ಗಂಟಲಿಗೆ ಜೇನು ಕೊಡುತ್ತ ಕೂತರು. ಎಷ್ಟು ಸಲ ಕೂಗಿದರೂ ಸಾಹೇಬರಿಗೆ ಸಮಾಧಾನವಿಲ್ಲ. ಕೊನೆಗೆ ಒಂದು ಕೂಗು ಸರಿಹೋಯಿತು, ಅದರ ಮುಂಚೆ ತಮ್ಮ ದನಿಯಲ್ಲಿ ಸೇರಿಸಿದರು: ಇದು ನನ್ನ ಅತ್ತೆಯಲ್ಲ. ಆಕೆಯ ದನಿಯನ್ನು ನಾನು ಬಿಸಿಲಲ್ಲಿ ಮರೆತು ಕಳೆದೆ. ಕೂಗುತ್ತಿರುವವನು ಇಂಡಿಯಾದ ಬಾಗಲಕೋಟೆಯ ಒಬ್ಬ ಫಿಟ್ಟರ್.

"ಅದನ್ಯಾಕೆ ಹೇಳಬೇಕು ಸಾಹೇಬ್ರೇ? ಅಲ್ಲಿ ಯಾರಿಗೂ ಗೊತ್ತಾಗೋದಿಲ್ಲ."

"ನನಗೆ ಗೊತ್ತಲ್ಲ."

ಹೀಗೆ ಹೇಳಿಕೊಂಡ ಟೇಪನ್ನು ಮ್ಯೂಸಿಯಮ್ಮಿನವರು ಇಟ್ಟುಕೊಳ್ಳುತ್ತಾರೋ ಇಲ್ಲವೋ ಅಂತ ಸಾಹೇಬರು ತಿಂಗಳುಗಟ್ಟಲೆ ಒದ್ದಾಡಿದರು. ಕೊನೆಗೆ ಫೋನ್ ಬಂತು. ಅತ್ತೆಯ ನೆರೆಮನೆಯ ಮುದುಕಿಯನ್ನು ಕರೆಸಿ ಕೇಳಿಸಿದರಂತೆ. ಆಕೆ ಎರಡು ಸಲ ಕೇಳಿ, "ಅವಳೇ. ಆದರೆ ನೆಗಡಿಯಾದ ಹಾಗಿದೆ" ಅಂದಳಂತೆ. ಟೇಪು ಮ್ಯೂಸಿಯಮ್ಮಿಗೆ ಹೋಯಿತು.

ಸಾಹೇಬರು ನಿವೃತ್ತರಾಗಿ ಊರಿಗೆ ಹೋದರು. ಮೊನ್ನೆ ಅವರ ಹೆಂಡತಿ ನಮ್ಮ ಆಫೀಸಿಗೆ ಫೋನ್ ಮಾಡಿ ನನ್ನನ್ನು ಕರೆಸಿದರು. ನಿದ್ದೆಯಲ್ಲೇ ಹೋದರಂತೆ, ಸುಖದ ಸಾವು. ಕಂಡವರನ್ನೆಲ್ಲ ಆಡಿಕೊಳ್ಳುವ ಈ ಬಾಯಿಗೆ ಮರ್ಯಾದೆಯ ಕೆಲಸ ಕೊಟ್ಟವರು ಅವರೊಬ್ಬರೇ ಅಂತ ಹೇಳಬೇಕೆಂದಿದ್ದೆ. ಅಷ್ಟರಲ್ಲಿ ಆ ಅಮ್ಮನೇ ಮಾತು ಮುಂದುವರಿಸಿದರು. ಸಾಹೇಬರು ಪ್ರತಿ ಶನಿವಾರ ಆ ಹಳೆಯ ಶಾಲೆಗೆ ಹೋಗಿ ಬೆಂಚಿನ ಮೇಲೆ ಕೂರುತ್ತಿದ್ದರಂತೆ. ಬಂದವರು ಟೇಪು ಕೇಳಿ ಇದು ಯಾರು ಅಂದರೆ ಹೇಳುತ್ತಿದ್ದರಂತೆ:

"ನಮ್ಮತ್ತೆ. ಈಗ ಖತಾರಿನಲ್ಲಿ ಪೈಪ್ ಫಿಟ್ಟರ್ ಆಗಿದ್ದಾಳೆ."