ಬೈಗುಳಕ್ಕೆ ಬಿಟ್ಟ ಜಾಗ

ಮೂವತ್ತು ವರ್ಷ ಊರೂರು ತಿರುಗಿ ನಾಟಕವಾಡಿದ ಮ್ಯಾಲಕಿ ಟ್ಯಾಂಗ್ನಿ ಒಮ್ಮೆಯೂ ನಾಯಕನಾಗಲಿಲ್ಲ. ಅವನದು ಒಂದೇ ಪಾತ್ರ: ಬಂಡಾಯದ ಹುಡುಗನನ್ನು ಬ್ರಿಟಿಷ್ ಸೈನಿಕರಿಗೆ ಹಿಡಿದುಕೊಡುವ ಚಾಡಿಕೋರ. ಕೆರ್ರಿ ಸೀಮೆಯಲ್ಲಿ ಕೊಲೆಗಾರನನ್ನಾದರೂ ಕೂರಿಸಿ ಚಹಾ ಕೊಟ್ಟಾರು, ಚಾಡಿಕೋರನಿಗೆ ತೊಟ್ಟು ನೀರೂ ಹುಟ್ಟದು. ಅವನು ಬೆರಳೆತ್ತಿ, "ಅಗೋ, ಆ ಬಣವೆ ಹಿಂದೆ!" ಎಂದರೆ ಸಾಕು, ಟೆಂಟಿಗೆ ಟೆಂಟೇ ಬುಸುಗುಟ್ಟುತ್ತಿತ್ತು. ಆ ಗಲಾಟೆ ಅಡಗುವವರೆಗೆ ಎತ್ತಿದ ಬೆರಳು ಇಳಿಸದೆ ನಿಲ್ಲುವುದೇ ಅವನ ಕಸುಬುದಾರಿಕೆ. ಬೈಗುಳವೇ ಅವನ ಬಹುಮಾನ.

ಐವತ್ತೆರಡಕ್ಕೆ ಗಂಟಲು ಕೈಕೊಟ್ಟಿತು. ಡಾಕ್ಟರು ಕೊಯ್ದ ಮೇಲೆ ಉಳಿದದ್ದು ಬರೀ ಪಿಸುಮಾತು. ಕಂಪನಿ ಬಿಟ್ಟು, ಹೆಂಡತಿ ಗಾಬ್ನೆಟ್ ಜೊತೆ ಹಳ್ಳಿಗೆ ಬಂದು ಜೌಗಿನಲ್ಲಿ, ಒಣಗಿಸಿ ಒಲೆಗೆ ಉರಿಸುವ ಮಣ್ಣು ಕಡಿಯುತ್ತ ಕಾಲ ಹಾಕಿದ. ಪಕ್ಕದ ಮನೆಯ ಕ್ರೆಮಿನ್ ಮುದುಕಿ ಮೊಟ್ಟೆ ತಂದುಕೊಟ್ಟು, "ಗಂಟ್ಲು ಹೆಂಗಿದೆ ಮಗಾ?" ಎನ್ನುತ್ತಿದ್ದಳು. ಆ ಕನಿಕರವೇ ಅವನನ್ನು ತಿನ್ನುತ್ತಿತ್ತು.

1911ರ ಬೇಸಿಗೆಯಲ್ಲಿ ಅಮೆರಿಕದವರು ಕ್ಯಾಮೆರಾ ಹೊತ್ತು ಬಂದು, ಅದೇ ನಾಟಕವನ್ನು ಮೂಕಿ ಚಿತ್ರ ಮಾಡುತ್ತೇವೆಂದರು.

"ಮಾತೇ ಬೇಡ್ವಂತೆ ಕಣೇ," ಎಂದು ಪಿಸುಗುಟ್ಟಿದ.

"ಹೋಗು ಮತ್ತೆ. ಬಾಯಿ ಬಿಡ್ದೆ ಮನೆ ಹಾಳ್ಮಾಡೋರು ಊರ್ ತುಂಬ ಇದಾರೆ," ಎಂದಳು ಗಾಬ್ನೆಟ್.

ಹುಲ್ಲುಗಾವಲಿನಲ್ಲಿ ಚಿತ್ರೀಕರಣ. ಮ್ಯಾಲಕಿ ಬೆರಳೆತ್ತಿದ. ನಿಂತ. ನಿಂತೇ ಇದ್ದ.

"ಏನ್ರೀ ಕಾಯ್ತಿದೀರಿ?" ನಿರ್ದೇಶಕ ಕಿರುಚಿದ.

"ಜನ ಬೈಬೇಕಲ್ಲ ಸ್ವಾಮಿ."

"ಯಾವ ಜನ? ಎದುರಿಗಿರೋದು ಎರಡು ಹಸು!"

ಮೂರು ಸಲವೂ ಹಾಗೇ ಆಯಿತು. ಹುಟ್ಟುಗುಣ ಸುಟ್ಟರೂ ಹೋಗದು. ಅಷ್ಟರಲ್ಲಿ ಮಳೆ ಬಂತು. ನಿರ್ದೇಶಕ ಗೊಣಗುತ್ತ ಮೂರನೆಯದನ್ನೇ ಇಟ್ಟುಕೊಂಡ.

ಚಳಿಗಾಲದ ಶನಿವಾರ ಮಧ್ಯಾಹ್ನ ಕಿಲಾರ್ನಿ ಪೇಟೆಯಲ್ಲಿ ಚಿತ್ರ ತೋರಿಸಿದರು. ಮ್ಯಾಲಕಿ ಹೆಂಡತಿಯ ಕಿವಿಗೆ ಬಾಗಿದ. "ಕೆಡಿಸ್ಬಿಟ್ಟೆ ಕಣೇ. ಮರದ ಬೊಂಬೆ ಥರ ನಿಂತಿದೀನಿ. ಜನ ನಕ್ಬಿಟ್ರೆ ನಾನು ಸತ್ತಂಗೆ."

ಪರದೆಯ ಮೇಲೆ ಬೆರಳು ಎದ್ದಿತು. ಸದ್ದಿಲ್ಲ. ಚಿತ್ರದ ಜೊತೆಗೆ ಪಿಯಾನೋ ನುಡಿಸುತ್ತಿದ್ದವಳೂ ತಡವರಿಸಿ ನಿಲ್ಲಿಸಿದಳು. ಆಗ ಹಿಂದಿನಿಂದ ಕ್ರೆಮಿನ್ ಮುದುಕಿಯ ದನಿ:

"ಥೂ, ನಿನ್ ನಾಲ್ಗೆ ಬಿದ್ಹೋಗ!"

ಅಷ್ಟೇ ಸಾಕಾಯಿತು. ಸಭಾಂಗಣವಿಡೀ ಬುಸುಗುಟ್ಟಿತು, ಕಿತ್ತಳೆ ಸಿಪ್ಪೆ ಪರದೆಗೆ ಬಡಿಯಿತು. ಪರದೆಯ ಮ್ಯಾಲಕಿ ಎಲ್ಲವನ್ನೂ ಕೇಳಿಸಿಕೊಳ್ಳುವವನಂತೆ ನಿಂತಿದ್ದು, ಗಲಾಟೆ ಇಳಿದ ಮೇಲೆಯೇ ಬೆರಳು ಇಳಿಸಿದ. ಕುರ್ಚಿಯ ಮ್ಯಾಲಕಿ ಅಳುತ್ತಿದ್ದ.

ಹೊರಗೆ ಬಂದಾಗ ಬಾಗಿಲಲ್ಲಿ ಮುದುಕಿ ಎದುರಾದಳು. ಗಂಟಲು ವಿಚಾರಿಸಲಿಲ್ಲ. ಮುಖ ತಿರುಗಿಸಿ ನೆಲಕ್ಕೆ ಉಗಿದಳು. ಮ್ಯಾಲಕಿ ಟೋಪಿ ತೆಗೆದು, ಸೊಂಟ ಬಾಗಿಸಿ, ಅವಳಿಗೆ ನಮಸ್ಕರಿಸಿದ.